ಗರಾಂಸ್ ಎಂದರೆ ಮಂಜಿಷ್ಠ

ಪ್ರಶ್ನೆ: ನನ್ನ ಮಗಳು ಮತ್ತು ಫ್ರೆಂಚ್ ಅಳಿಯ ತುಲೂಸ್‌ನಲ್ಲಿದ್ದಾರೆ. ಬರುವ ತಿಂಗಳು ಹೆರಿಗೆ, ಹೆಣ್ಣು ಮಗು ಎಂದು ಗೊತ್ತಾಗಿದೆ. ‘ಗರಾಂಸ್’ ಎಂದು ಹೆಸರಿಡಲು ತೀರ್ಮಾನಿಸಿದ್ದಾರೆ. ಅರ್ಥ ಕೇಳಿದರೆ ಅಳಿಯ ‘ಒಂದು ಗಿಡ’ ಎಂದಷ್ಟೇ ಹೇಳುತ್ತಾನೆ. ನಮ್ಮ ಅತ್ತೆಯವರಂತೂ ‘ಗರ ಬಡಿದ ಹಾಗಿದೆ, ಬೇಡವೇ ಬೇಡ’ ಎಂದು ಕೂತಿದ್ದಾರೆ. ಈ ಹೆಸರಿನ ಅರ್ಥವೇನು? ಅಲ್ಲಿಯವರಿಗೆ ಇದು ಒಳ್ಳೆಯ ಹೆಸರೇ? ನಾವು ಕರೆಯುವುದಾದರೂ ಹೇಗೆ?
— ಮೈಸೂರಿನ ಓದುಗರೊಬ್ಬರು

ಉತ್ತರ: ಮೊದಲು ನಿಮ್ಮ ಅತ್ತೆಯವರ ಆತಂಕವನ್ನು ವಿಚಾರಿಸೋಣ. ಮನೆಯ ಹಿರಿಯರಿಗೆ ಹಿಡಿಸದ ಹೆಸರು ತೊಟ್ಟಿಲಿನಲ್ಲಿ ಹೆಚ್ಚು ದಿನ ನಿಲ್ಲುವುದಿಲ್ಲ. ‘ಗರ ಬಡಿದ ಹಾಗೆ’ ಎನ್ನುವಾಗಿನ ಗರ ನಮ್ಮ ‘ಗ್ರಹ’ದ ತದ್ಭವ. ವಿಷ ಎಂಬ ಅರ್ಥದ ಗರ ಇನ್ನೊಂದು. ಗರಳದಲ್ಲಿ ಇರುವುದು ಅದು. ಈ ಎರಡಕ್ಕೂ ಫ್ರೆಂಚ್ ಹೆಸರಿಗೂ ಯಾವ ನೆಂಟಸ್ತಿಕೆಯೂ ಇಲ್ಲ. ಇದಿಷ್ಟರಿಂದ ಅವರು ಒಪ್ಪದಿದ್ದರೆ ಇನ್ನೊಂದು ಮಾತು ಹೇಳಿ: ಆ ಗಿಡ ಅವರಿಗೆ ಗೊತ್ತಿರುವುದೇ. ಅದು ನಮ್ಮ ಮಂಜಿಷ್ಠದ ದಾಯಾದಿ.

ಫ್ರೆಂಚರು ಗರಾಂಸ್ ಎಂದು ಕರೆಯುವ ಗಿಡದ ಸಸ್ಯಶಾಸ್ತ್ರೀಯ ಹೆಸರು ರೂಬಿಯಾ ಟಿಂಕ್ಟೋರಮ್. ರೂಬಿಯಾ ಎಂದರೆ ಕೆಂಪಿನದು, ಟಿಂಕ್ಟೋರಮ್ ಎಂದರೆ ಬಣ್ಣಗಾರರದು. ನಮ್ಮ ಗ್ರಂಥಿಗೆ ಅಂಗಡಿಯಲ್ಲಿ ಕಡ್ಡಿ ಕಡ್ಡಿಯಾಗಿ ಸಿಗುವ ಮಂಜಿಷ್ಠ ರೂಬಿಯಾ ಕಾರ್ಡಿಫೋಲಿಯಾ. ಹೃದಯದಾಕಾರದ ಎಲೆಯ ಇದು ಸಹ್ಯಾದ್ರಿಯ ಎತ್ತರದ ಕಾಡಂಚಿನಲ್ಲೂ ಹಬ್ಬಿಕೊಂಡಿರುತ್ತದೆ. ಚಿಕ್ಕಮಗಳೂರಿನ ಕಾಫಿ, ಕರಾವಳಿಯ ಕೇಪುಳ ಇವೂ ಇದೇ ಕುಟುಂಬದವು. ಹೀಗೆ ನಿಮ್ಮ ಮೊಮ್ಮಗಳ ಹೆಸರಿಗೆ ಕರ್ನಾಟಕದಲ್ಲಿ ಬಂಧು ಬಳಗವೇ ಇದೆ.

ಗಿಡವನ್ನು ನೋಡಿದರೆ ಮಾತ್ರ ‘ಇದಕ್ಕೇನು ಇಷ್ಟೊಂದು’ ಅನಿಸುತ್ತದೆ. ನಾನು ಮೊದಲ ಸಲ ಕಂಡದ್ದು ಬಣ್ಣದ ಗರಾಂಸನ್ನಲ್ಲ, ಅದರ ಕಾಡು ತಂಗಿಯನ್ನು. ದಕ್ಷಿಣ ಫ್ರಾನ್ಸಿನ ಪ್ರೊವಾನ್ಸ್ ಸೀಮೆಯ ಒಂದು ಕಲ್ಲಿನ ಗೋಡೆಯ ಬುಡದಲ್ಲಿ. ಅಲ್ಲಿಯವರು ಅದಕ್ಕೆ ‘ಅಲೆಮಾರಿ ಗರಾಂಸ್’ ಎನ್ನುತ್ತಾರೆ. ಏಕೆ ಎಂದು ಕೇಳಬೇಕಾಗಲಿಲ್ಲ. ಪಕ್ಕದಲ್ಲಿ ಹಾದು ಹೋದದ್ದಷ್ಟೇ, ಒಂದು ಗೇಣುದ್ದದ ಬಳ್ಳಿ ನನ್ನ ತೋಳಿಗೆ ಅಂಟಿಕೊಂಡು ಮನೆಯವರೆಗೆ ಬಂದಿತ್ತು. ಕಾಂಡದ ಮೂಲೆಗಳಲ್ಲಿ, ಎಲೆಯ ಅಂಚಿನಲ್ಲಿ ಸಣ್ಣ ಸಣ್ಣ ಕೊಕ್ಕೆ ಮುಳ್ಳುಗಳು. ಗಿಣ್ಣಿಗೆ ನಾಲ್ಕೋ ಆರೋ ಎಲೆಗಳು ಚಕ್ರದ ಕಡ್ಡಿಗಳ ಹಾಗೆ ಸುತ್ತ ಕೂತಿರುತ್ತವೆ. ಹೂವು ಸಾಸಿವೆ ಕಾಳಿಗಿಂತ ತುಸು ದೊಡ್ಡದು, ಮಾಸಲು ಹಳದಿ, ಹಣ್ಣು ಕಪ್ಪು. ಕೆಂಪು ಎಲ್ಲೂ ಇಲ್ಲ. ಅದು ನೆಲದ ಕೆಳಗಿದೆ. ಬೇರನ್ನು ಉಗುರಿನಿಂದ ಕೆರೆದರೆ ಒಳಗೆ ಕಿತ್ತಳೆಗೆಂಪು. ಬಣ್ಣಕ್ಕೆ ಬೆಳೆಯುವವರು ಮೂರು ವರ್ಷ ಕಾದು, ಪೆನ್ಸಿಲ್ ಗಾತ್ರಕ್ಕೆ ಬಲಿತ ಬೇರನ್ನು ಅಗೆದು, ಒಣಗಿಸಿ, ಕುಟ್ಟಿ ಪುಡಿ ಮಾಡುತ್ತಿದ್ದರು.

ಆ ಪುಡಿಯ ಶಕ್ತಿ ಎಂಥದ್ದು ಎಂಬುದಕ್ಕೆ ಒಂದು ಪ್ರಸಂಗವಿದೆ. 1736ರ ಸುಮಾರಿಗೆ ಲಂಡನ್ನಿನ ಶಸ್ತ್ರವೈದ್ಯ ಜಾನ್ ಬೆಲ್ಚಿಯರ್ ಬಟ್ಟೆಗೆ ಅಚ್ಚು ಹಾಕುವವನೊಬ್ಬನ ಮನೆಗೆ ಊಟಕ್ಕೆ ಹೋಗಿದ್ದ. ತಟ್ಟೆಯಲ್ಲಿದ್ದ ಹಂದಿಯ ಮೂಳೆ ಕೆಂಪಗಿತ್ತು. ವಿಚಾರಿಸಿದರೆ, ಬಣ್ಣದ ಹಂಡೆಯಲ್ಲಿ ಉಳಿದ ಗಸಿ ತಿಂದು ಬೆಳೆದ ಹಂದಿಯದು. ಫ್ರಾನ್ಸಿನ ದ್ಯುಆಮೆಲ್ ದ್ಯು ಮೊನ್ಸೋ ಎಂಬ ವಿಜ್ಞಾನಿ ಅದನ್ನೇ ಹಿಡಿದುಕೊಂಡು ಕೋಳಿ, ಹಂದಿಗಳಿಗೆ ಕೆಲವು ವಾರ ಗರಾಂಸ್ ತಿನ್ನಿಸಿ, ಕೆಲವು ವಾರ ಬಿಟ್ಟು, ಮತ್ತೆ ತಿನ್ನಿಸಿ ನೋಡಿದ. ಮೂಳೆಯಲ್ಲಿ ಕೆಂಪು ಬಿಳುಪು ಪದರಗಳು ಒಂದರ ಮೇಲೊಂದು ಮೂಡಿದ್ದವು. ಮೂಳೆ ಪದರ ಪದರವಾಗಿ ಬೆಳೆಯುತ್ತದೆ ಎಂದು ಜಗತ್ತಿಗೆ ತೋರಿಸಿಕೊಟ್ಟದ್ದು ಈ ಬೇರು. ಮೂಳೆಗೇ ಇಳಿಯುವ ಬಣ್ಣ ಎಂಬ ಮಾತು ಇಲ್ಲಿ ಅಲಂಕಾರವಲ್ಲ.

ಪದದ ಮೂಲಕ್ಕೆ ಬರುತ್ತೇನೆ. ಫ್ರಾನ್ಸಿಗೆ ತಮ್ಮ ಹೆಸರು ಕೊಟ್ಟ ಫ್ರಾಂಕ್ ಜನ ಜರ್ಮಾನಿಕ್ ನುಡಿಯವರು. ಈ ಗಿಡಕ್ಕೆ ಅವರಲ್ಲಿದ್ದ ಪದ ವಕಾರದಿಂದ ಶುರುವಾಗುತ್ತಿತ್ತು. ಮಧ್ಯಯುಗದ ಲ್ಯಾಟಿನ್ ಬರಹದಲ್ಲಿ ಅದು ‘ವರಾಂತಿಯಾ’ ಎಂಬಂಥ ರೂಪದಲ್ಲಿದೆ. ಹಳಗನ್ನಡದ ಪಾಲು ಹಾಲಾದಂತೆ, ಪೂವು ಹೂವಾದಂತೆ, ಫ್ರೆಂಚ್ ಬಾಯಲ್ಲಿ ಜರ್ಮಾನಿಕ್ ವಕಾರ ಗಕಾರವಾಯಿತು. ವಿಲಿಯಂ ಅಲ್ಲಿ ಗಿಯೋಮ್ ಆದದ್ದು ಇದೇ ದಾರಿಯಲ್ಲಿ. ಹೀಗೆ ಗರಾಂಸ್.

ಈಗ ಅಳಿಯ ಹೇಳದೆ ಬಿಟ್ಟ ಕಥೆ. ಫ್ರಾನ್ಸಿನಲ್ಲಿ ಮೂರು ಬಣ್ಣದ ಗಿಡಗಳು ಹೆಸರಾದವು. ಹಳದಿಗೆ ಗೋದ್, ನೀಲಿಗೆ ಪಾಸ್ತೆಲ್, ಕೆಂಪಿಗೆ ಗರಾಂಸ್. ನಿಮ್ಮ ಮಗಳಿರುವ ತುಲೂಸ್ ನೀಲಿಯಿಂದ ಶ್ರೀಮಂತವಾದ ಊರು. ಅಲ್ಲಿಗೆ ಹೋದಾಗ ಆಸೆಜಾ ಎಂಬ ಹಳೆಯ ಮಹಲನ್ನು ತೋರಿಸಲು ಹೇಳಿ. ಹದಿನಾರನೆಯ ಶತಮಾನದಲ್ಲಿ ಅದನ್ನು ಕಟ್ಟಿಸಿದವನು ಪಾಸ್ತೆಲ್ ವ್ಯಾಪಾರಿ. ಕೆಂಪಿನ ಸೀಮೆ ಅಲ್ಲಿಂದ ಪೂರ್ವಕ್ಕೆ, ಅವಿನ್ಯೋನ್ ಸುತ್ತಮುತ್ತ. ಹದಿನೆಂಟನೆಯ ಶತಮಾನದಲ್ಲಿ ಜ್ಯಾಂ ಆಲ್ತೆನ್ ಎಂಬ ಅರ್ಮೇನಿಯನ್ ವಲಸಿಗ ಅಲ್ಲಿನ ಜವುಗು ನೆಲದಲ್ಲಿ ಗರಾಂಸ್ ಬೇಸಾಯವನ್ನು ನೆಲೆಗೊಳಿಸಿದ. ಬೀಜಗಳನ್ನು ಪ್ರಾಣದ ಹಂಗು ತೊರೆದು ಪೂರ್ವದಿಂದ ಕದ್ದು ತಂದ ಎಂದು ಕಥೆ ಹೇಳುತ್ತಾರೆ. ಸುತ್ತಲಿನವರು ಉದ್ಧಾರವಾದರು, ಅವನು 1774ರಲ್ಲಿ ಬಡವನಾಗಿಯೇ ತೀರಿಕೊಂಡ. ಈಗ ಒಂದು ಊರಿಗೇ ಅವನ ಹೆಸರಿದೆ: ಆಲ್ತೆನ್-ದೆ-ಪಾಲ್ಯು, ಅಂದರೆ ಜವುಗುಗಳ ಆಲ್ತೆನ್. ಅವಿನ್ಯೋನ್‌ನಲ್ಲಿ ‘ಬಣ್ಣಗಾರರ ಬೀದಿ’ ಎಂಬ ಕಲ್ಲುಹಾಸಿನ ಬೀದಿಯಿದೆ. ಪಕ್ಕದಲ್ಲೇ ಕಾಲುವೆ, ಕಾಲುವೆಯಲ್ಲಿ ಪಾಚಿ ಕಟ್ಟಿದ ಮರದ ನೀರಿನ ಚಕ್ರಗಳು ಇನ್ನೂ ನಿಂತಿವೆ. ಅಲ್ಲಿ ಅಚ್ಚಾಗುತ್ತಿದ್ದ ಹತ್ತಿ ಬಟ್ಟೆಗೆ ಫ್ರೆಂಚರು ಇಟ್ಟ ಹೆಸರು ‘ಆಂದಿಯೆನ್’, ಭಾರತದ್ದು ಎಂದು. ನಮ್ಮ ಕರಾವಳಿಗಳಿಂದ ಹಡಗೇರಿ ಹೋದ ಚೀಟಿ ಬಟ್ಟೆಯನ್ನು ನಕಲು ಮಾಡಲು ಹೊರಟವರ ಬೀದಿ ಅದು.

1829ರಲ್ಲಿ ಫ್ರೆಂಚ್ ಕಾಲಾಳು ಸೈನಿಕರಿಗೆ ಗರಾಂಸ್ ಬಣ್ಣದ ಷರಾಯಿಯನ್ನು ಗೊತ್ತುಮಾಡಿದರು. ಅದಕ್ಕೆ ಈ ಬೆಳೆಗಾರರನ್ನು ಕಾಪಾಡುವ ಉದ್ದೇಶವೂ ಇತ್ತು. ಆಮೇಲೆ 1868ರಲ್ಲಿ ಗ್ರೇಬೆ ಮತ್ತು ಲೀಬರ್‌ಮಾನ್ ಎಂಬ ಇಬ್ಬರು ಜರ್ಮನ್ ರಸಾಯನಶಾಸ್ತ್ರಜ್ಞರು ಬೇರಿನೊಳಗಿನ ಅಲಿಜರಿನ್ ಎಂಬ ಬಣ್ಣದ ಸಾರವನ್ನು ಡಾಂಬರಿನಿಂದ ತಯಾರಿಸಿದರು. ಹತ್ತು ಹದಿನೈದು ವರ್ಷಗಳಲ್ಲಿ ಅವಿನ್ಯೋನ್ ಸುತ್ತಲಿನ ಗರಾಂಸ್ ಹೊಲಗಳು ಇಲ್ಲವಾದವು. ಷರಾಯಿ ಮಾತ್ರ ಕೆಂಪಾಗಿಯೇ ಉಳಿಯಿತು. 1914ರ ಆಗಸ್ಟ್‌ನಲ್ಲಿ ಫ್ರೆಂಚ್ ಹುಡುಗರು ಜರ್ಮನ್ ಮೆಷಿನ್ ಗನ್ನುಗಳ ಎದುರು ಹೋದದ್ದು ಜರ್ಮನ್ ಬಣ್ಣದಿಂದ ಕೆಂಪೇರಿದ ಷರಾಯಿ ತೊಟ್ಟು. ದೂರದಿಂದಲೇ ಗುರಿ ಸಿಗುತ್ತಿತ್ತು. ಮುಂದಿನ ವರ್ಷದ ಹೊತ್ತಿಗೆ ಮಾಸಲು ನೀಲಿಯ ಸಮವಸ್ತ್ರ ಬಂತು. ಇದನ್ನೆಲ್ಲ ಏಕೆ ಹೇಳಿದೆನೆಂದರೆ, ಆ ಕಾಲದ ಫ್ರೆಂಚರಿಗೆ ಗರಾಂಸ್ ಎಂದರೆ ಸಿಪಾಯಿಯ ಕಾಲಿನ ಬಣ್ಣ. ಮಗಳಿಗೆ ಇಡುವ ಹೆಸರಾಗಿ ಅದು ಯಾರಿಗೂ ಹೊಳೆದಿರಲಾರದು.

ಹೊಳೆಯುವಂತೆ ಮಾಡಿದ್ದು ಒಂದು ಸಿನಿಮಾ. 1945ರಲ್ಲಿ ತೆರೆಕಂಡ, ಮಾರ್ಸೆಲ್ ಕಾರ್ನೆ ನಿರ್ದೇಶನದ, ಕವಿ ಜಾಕ್ ಪ್ರೆವೆರ್ ಬರೆದ ‘ಲೆಜಾಂಫಾಂ ದ್ಯು ಪಾರದಿ’. ಪ್ಯಾರಿಸಿನ ರಂಗಭೂಮಿ ಬೀದಿಯ ಕಥೆ. ನಾಲ್ವರು ಗಂಡಸರು ಒಬ್ಬ ಹೆಣ್ಣನ್ನು ಪ್ರೀತಿಸುತ್ತಾರೆ, ಅವಳು ಯಾರಿಗೂ ಪೂರ್ತಿ ದಕ್ಕುವುದಿಲ್ಲ. ಆರ್ಲೆತಿ ಎಂಬ ನಟಿ ಮಾಡಿದ ಆ ಪಾತ್ರವನ್ನು ಎಲ್ಲರೂ ಕರೆಯುವುದು ಗರಾಂಸ್ ಎಂದು. ಇದು ಹೂವಿನ ಹೆಸರು ಎಂದು ಅವಳೇ ಹೇಳಿಕೊಳ್ಳುತ್ತಾಳೆ. ಮರುಳಾದ ನಟನೊಬ್ಬ ಆ ಹೂವಿನ ಕೆಂಪನ್ನು ಅವಳ ತುಟಿಗೆ ಹೋಲಿಸುತ್ತಾನೆ. ಹೂವು ಮಾಸಲು ಹಳದಿ ಎಂದು ಅವನಿಗೆ ಯಾರೂ ಹೇಳಿರಲಿಲ್ಲ! ಪ್ರಣಯದಲ್ಲಿ ಸಸ್ಯಶಾಸ್ತ್ರ ಕೇಳುವವರಾದರೂ ಯಾರು. ಆದರೆ ಅಂದಿನಿಂದ ಫ್ರೆಂಚರ ಮನಸ್ಸಿನಲ್ಲಿ ಗರಾಂಸ್ ಎಂದರೆ ಆ ಹೆಣ್ಣು: ಬುದ್ಧಿವಂತೆ, ಸ್ವತಂತ್ರೆ, ನಗುವಿನಲ್ಲೇ ಮಾತು ಮುಗಿಸುವವಳು.

ಹಾಗೆಂದು ಮರುದಿನವೇ ಊರೆಲ್ಲ ಈ ಹೆಸರು ಇಡಲಿಲ್ಲ, ಇಡುವುದು ಸುಲಭವೂ ಇರಲಿಲ್ಲ. 1803ರ ಕಾನೂನಿನ ಪ್ರಕಾರ ಪಂಚಾಂಗದಲ್ಲಿರುವ ಸಂತರ ಹೆಸರುಗಳು, ಪ್ರಾಚೀನ ಇತಿಹಾಸದವರ ಹೆಸರುಗಳು ಇವಿಷ್ಟೇ ಸಲ್ಲುತ್ತಿದ್ದವು. ಫ್ರೆಂಚ್ ಪಂಚಾಂಗದಲ್ಲಿ ಪ್ರತಿ ದಿನಕ್ಕೂ ಒಬ್ಬ ಸಂತನೋ ಸಂತಳೋ ಇರುತ್ತಾರೆ; ಆ ದಿನ ಆ ಹೆಸರಿನವರಿಗೆಲ್ಲ ಶುಭಾಶಯ ಹೇಳುವ ರೂಢಿ ಇಂದಿಗೂ ಇದೆ. ಗರಾಂಸ್ ಎಂಬ ಸಂತಳಿಲ್ಲ. ತಮಾಷೆಯೆಂದರೆ, ಸಂತರನ್ನೆಲ್ಲ ಓಡಿಸಿ ಗಿಡ, ಪ್ರಾಣಿ, ಬೇಸಾಯದ ಸಾಮಾನುಗಳ ಹೆಸರಿನಲ್ಲಿ ದಿನಗಳನ್ನು ಕರೆದ ಕ್ರಾಂತಿಕಾಲದ ಪಂಚಾಂಗದಲ್ಲಿ ಗರಾಂಸ್‌ಗೂ ಒಂದು ದಿನವಿತ್ತು: ಬ್ರ್ಯುಮೇರ್ ಮಾಸದ 23, ನಮ್ಮ ಲೆಕ್ಕಕ್ಕೆ ನವೆಂಬರ್ 13ರ ಆಸುಪಾಸು. ನೆಪೋಲಿಯನ್ ಆ ಪಂಚಾಂಗವನ್ನೇ ತೆಗೆದುಹಾಕಿದ. 1966ರಲ್ಲಿ ಅಧಿಕಾರಿಗಳಿಗೆ ಸ್ವಲ್ಪ ಸಡಿಲ ಬಿಡಲು ಸೂಚನೆ ಹೋಯಿತು. 1993ರ ಜನವರಿಯ ಕಾನೂನು ಆಯ್ಕೆಯನ್ನು ತಂದೆತಾಯಿಗೇ ಬಿಟ್ಟಿತು. ಈಗ ಮಗುವಿಗೆ ಕೆಡುಕಾಗುವಂಥ ಹೆಸರಾದರೆ ಮಾತ್ರ ವಿಷಯ ನ್ಯಾಯಾಲಯಕ್ಕೆ ಹೋಗುತ್ತದೆ. ವಾಲಾನ್ಸಿಯೆನ್ ಊರಿನ ನ್ಯಾಯಾಲಯ ‘ನ್ಯುಟೆಲ್ಲಾ’ ಎಂಬ ಹೆಸರನ್ನು ತಳ್ಳಿಹಾಕಿ ಎಲ್ಲಾ ಎಂದು ಮಾಡಿದ್ದು, ‘ಫ್ರೇಜ್’, ಅಂದರೆ ಸ್ಟ್ರಾಬೆರಿ, ಎಂಬ ಹೆಸರನ್ನು ಬೇಡವೆಂದದ್ದು ಪತ್ರಿಕೆಗಳಲ್ಲಿ ಬಂದಿತ್ತು. ಫ್ರೇಜ್ ಬೇಡವಾದದ್ದು ಅದೊಂದು ಹಣ್ಣು ಎಂದಲ್ಲ, ಆ ಪದವಿಟ್ಟುಕೊಂಡು ‘ಮೂತಿ ತೂರಿಸು’ ಎಂಬಂಥ ಹಗುರದ ನುಡಿಗಟ್ಟೊಂದು ಇದೆ ಎಂದು. ಗರಾಂಸ್‌ಗೆ ಅಂಥ ಕಾಟವಿಲ್ಲ.

ಹೀಗಾಗಿ ಈ ಹೆಸರಿನ ಹುಡುಗಿಯರು ಹೆಚ್ಚಾಗಿ ಕಾಣಿಸಿಕೊಂಡದ್ದು ಕಳೆದ ಮೂವತ್ತು ವರ್ಷಗಳಲ್ಲಿ. ಯಾರ ಮನೆಗಳಲ್ಲಿ ಎಂದರೆ, ಓದಿಕೊಂಡವರ, ನಾಟಕ, ಹಳೆಯ ಸಿನಿಮಾ, ಚಿತ್ರಕಲೆಯ ಗೀಳಿರುವವರ, ಒಂದಿಷ್ಟು ಅನುಕೂಲವಾಗಿರುವವರ ಮನೆಗಳಲ್ಲಿ. ನಮ್ಮಲ್ಲಿ ಸಾಹಿತ್ಯದ ಒಲವಿನ ಮನೆಗಳಲ್ಲಿ ಹುಡುಗಿಗೆ ಇಂಚರ ಎಂದು ಇಟ್ಟಾಗ ಹೆಸರು ಕೇಳಿದವರಿಗೆ ಮನೆಯ ಪುಸ್ತಕದ ಕಪಾಟು ಕಂಡಂತಾಗುತ್ತಿತ್ತಲ್ಲ, ಹಾಗೆ. ಫ್ಯಾಷನ್ ಬರಹಗಳಿಂದ ಹೆಸರಾದ ಗರಾಂಸ್ ದೋರೆ ಈ ಹೆಸರನ್ನು ತಾನೇ ಕಾವ್ಯನಾಮವಾಗಿ ಆರಿಸಿಕೊಂಡವರು. ನೀವು ಕೇಳಿದ ಪ್ರಶ್ನೆಗೆ ನೇರ ಉತ್ತರ: ಹೌದು, ಒಳ್ಳೆಯ ಹೆಸರು, ಗೌರವದ ಹೆಸರು. ತುಸು ಬಿಂಕದ್ದು ಎನ್ನುವವರೂ ಅಲ್ಲಿದ್ದಾರೆ, ಅದನ್ನೂ ಮುಚ್ಚಿಡುವುದಿಲ್ಲ.

ನನಗೆ ಇದರ ಸೊಗಸು ಕಾಣುವುದು ಕೊನೆಯ ಸದ್ದಿನಲ್ಲಿ. ಕೋನ್ಸ್ತಾಂಸ್, ಕ್ಲೆಮಾಂಸ್, ಓರ್ತಾಂಸ್ ಇವು ಅಜ್ಜಿಯ ಕಾಲದ ತೂಕದ ಹೆಸರುಗಳು. ಬಾಲ್ಯ, ಅದೃಷ್ಟ, ಸೊಬಗು ಎಂಬುದಕ್ಕೆಲ್ಲ ಫ್ರೆಂಚ್ ಪದಗಳು ಮುಗಿಯುವುದು ಇದೇ ‘ಆಂಸ್’ ಸದ್ದಿನಲ್ಲಿ. ದೇಶದ ಹೆಸರೂ ಹಾಗೆಯೇ. ಆದ್ದರಿಂದ ನಿನ್ನೆ ಮೊನ್ನೆಯ ಈ ಹೆಸರು ಕೇಳುವವರ ಕಿವಿಗೆ ನೂರಾರು ವರ್ಷ ಹಳೆಯದರಂತೆ ಬೀಳುತ್ತದೆ. ಕಾಪ್ಯುಸಿನ್, ವಿಯೋಲೆತ್, ಮಾರ್ಗೆರಿತ್ ಎಂದು ಹೂವಿನ ಹೆಸರುಗಳು ಅಲ್ಲಿ ಬೇಕಾದಷ್ಟಿವೆ. ಗರಾಂಸ್ ಆ ಬುಟ್ಟಿಯಲ್ಲಿ ಕೂತಿದ್ದರೂ ಅದರ ಬೆಲೆಯೆಲ್ಲ ಬೇರಿನದು. ಶಾಲೆಯಲ್ಲಿ ಕೀಟಲೆಗೆ ಆಸ್ಪದ ಇಲ್ಲವೇ ಎಂದರೆ, ಸ್ವಲ್ಪ ಇದೆ. ಹೆಸರಿನ ಕೊನೆಯ ಭಾಗ ‘ರಾಂಸ್’ ಎಂದರೆ ಕಮಟಿದ ಎಣ್ಣೆ ಬೆಣ್ಣೆಗೆ ಹೇಳುವ ಪದ. ಪ್ರೀತಿಯಿಂದ ‘ಗಾಗಾ’ ಎಂದು ಕರೆಯಲು ಹೋಗಬೇಡಿ, ಫ್ರೆಂಚಿನಲ್ಲಿ ಅದು ಅರುಳು ಮರುಳು.

ಉಚ್ಚಾರ ಹೀಗೆ. ‘ಗ’ ಹಗುರ. ಮುಂದಿನ ರಕಾರಕ್ಕೆ ನಾಲಿಗೆಯ ತುದಿ ಬೇಡ. ಗಂಟಲಲ್ಲಿ ಸಣ್ಣಗೆ ಬಾಯಿ ಮುಕ್ಕಳಿಸಿದ ಹಾಗೆ. ಹಂಸ, ಕಂಸ ಎನ್ನುವಾಗ ನಾವು ತುಟಿ ಮುಚ್ಚಿ ಮಕಾರ ತರುತ್ತೇವೆ. ಇಲ್ಲಿ ತುಟಿ ಮುಚ್ಚಬಾರದು, ಬಾಯಿ ತೆರೆದೇ ಇದ್ದು ಅರ್ಧ ಉಸಿರು ಮೂಗಿನಿಂದ ಹೋಗಬೇಕು, ಆಮೇಲೆ ಸಕಾರ. ಬರೆಯುವಾಗ ಗರಾಂಸ್ ಎಂದರೆ ಸಾಕು. ನಿಮ್ಮ ಅತ್ತೆಯವರು ಖಂಡಿತ ‘ಗರಾಂಸು’ ಎನ್ನುತ್ತಾರೆ. ಬಸ್ಸನ್ನೂ ಗ್ಲಾಸನ್ನೂ ಉಕಾರ ಕೊಟ್ಟು ಮನೆಯದಾಗಿಸಿಕೊಂಡವರು ನಾವು. ಅನ್ನಲಿ ಬಿಡಿ, ಮಗು ಎರಡಕ್ಕೂ ತಿರುಗಿ ನೋಡುತ್ತದೆ.

ಒಂದು ಎಚ್ಚರಿಕೆ. ನಾವು ಹನ್ನೊಂದನೆಯ ಅಥವಾ ಹನ್ನೆರಡನೆಯ ದಿನಕ್ಕೆ ನಾಮಕರಣ ಇಟ್ಟುಕೊಳ್ಳುತ್ತೇವೆ. ಫ್ರಾನ್ಸಿನಲ್ಲಿ ಹೆರಿಗೆಯಾದ ಐದು ದಿನಗಳೊಳಗೆ ಪುರಭವನದಲ್ಲಿ ಹೆಸರು ಬರೆಸಬೇಕು. ಆದರೆ ಎರಡನೆಯ, ಮೂರನೆಯ ಹೆಸರುಗಳನ್ನೂ ಅದೇ ಪತ್ರದಲ್ಲಿ ಬರೆಸಬಹುದು, ಮತ್ತು ಬರೆಸಿದ ಯಾವ ಹೆಸರನ್ನಾದರೂ ಮುಂದೆ ಬಳಕೆಯ ಹೆಸರಾಗಿ ಆರಿಸಿಕೊಳ್ಳಲು ಕಾನೂನಿನಲ್ಲಿ ಅವಕಾಶವಿದೆ. ಆದ್ದರಿಂದ ಅತ್ತೆಯವರ ಮನಸ್ಸಿನಲ್ಲಿರುವ ಹೆಸರನ್ನು, ನಕ್ಷತ್ರದ ಅಕ್ಷರ ಬೇಕಿದ್ದರೆ ಅದನ್ನೂ ಕೇಳಿಟ್ಟುಕೊಂಡು ಹೆರಿಗೆಗೆ ಮುಂಚೆಯೇ ಮಗಳಿಗೆ ಫ್ರೆಂಚ್ ಕಾಗುಣಿತದಲ್ಲಿ ಕಳುಹಿಸಿಬಿಡಿ. ತೊಟ್ಟಿಲ ಶಾಸ್ತ್ರ ಆಮೇಲೆ ನಿಧಾನವಾಗಿ ಆಗಲಿ.

ಅತ್ತೆಯವರಿಗೆ ಹೇಳಲು ಇನ್ನೊಂದು ಸಂಗತಿ ಕೊಡುತ್ತೇನೆ, ನನಗೆ ತೀರಾ ಇಷ್ಟವಾದದ್ದು. ಹದಿನಾಲ್ಕನೆಯ ಶತಮಾನದ ವಿಶ್ವನಾಥ ತನ್ನ ‘ಸಾಹಿತ್ಯದರ್ಪಣ’ದಲ್ಲಿ ಅನುರಾಗವನ್ನು ಬಟ್ಟೆಯ ಬಣ್ಣಗಳಿಂದ ಮೂರಾಗಿ ವಿಂಗಡಿಸುತ್ತಾನೆ. ಹೆಚ್ಚು ಹೊಳೆಯದ, ಆದರೆ ಬಿಡದ ಪ್ರೀತಿ ನೀಲೀರಾಗ. ರಾಮ ಸೀತೆಯರದು ಅದು ಎನ್ನುತ್ತಾನೆ. ಹೊಳೆದು ಬಿಟ್ಟುಹೋಗುವುದು ಕುಸುಂಭರಾಗ, ಕುಸುಬೆ ಹೂವಿನ ಬಣ್ಣ. ಬಿಡದೆಯೂ ಇರುವ, ಬಹಳವಾಗಿ ಹೊಳೆಯಲೂ ಹೊಳೆಯುವ ಪ್ರೀತಿ ಮಂಜಿಷ್ಠಾರಾಗ. ರಂಗಿನ ಹಂಡೆಯ ಮುಂದೆ ಕೂತು ನೋಡಿದವನೇ ಹೀಗೆ ಬರೆಯಬಲ್ಲ.

ಬಾಣಂತನಕ್ಕೆ ಹೊರಡುವ ಮೊದಲು ನಿಮಗೊಂದು ಕೆಲಸ. ಬಿಳಿ ಹತ್ತಿಯಲ್ಲಿ ಒಂದು ಕುಲಾವಿ ಹೊಲಿಸಿ. ಗಂಜಿ ಹೋಗುವಂತೆ ಒಗೆದು, ಅಳಲೆಕಾಯಿ ಪುಡಿಯ ನೀರಿನಲ್ಲಿ ಒಂದು ರಾತ್ರಿ ನೆನೆಸಿ ಹಿಂಡಿ. ಬಟ್ಟೆ ನೂರು ಗ್ರಾಂ ಇದ್ದರೆ ಹದಿನೈದರಿಂದ ಇಪ್ಪತ್ತು ಗ್ರಾಂ ಪಟಿಕವನ್ನು ಬಿಸಿನೀರಿನಲ್ಲಿ ಕರಗಿಸಿ ಅದರಲ್ಲಿ ಮತ್ತೆ ಅದ್ದಿಡಿ. ಬಟ್ಟೆಯ ತೂಕದಷ್ಟೇ ಮಂಜಿಷ್ಠವನ್ನು ಕುಟ್ಟಿ, ಹಿಂದಿನ ದಿನವೇ ನೀರಿಗೆ ಹಾಕಿಟ್ಟು, ಸಣ್ಣ ಉರಿಯಲ್ಲಿ ಕಾಯಿಸಿ. ಕುದಿ ಬರಕೂಡದು, ಬಂದರೆ ಬಣ್ಣ ಕಂದಿಗೆ ತಿರುಗುತ್ತದೆ. ನಾನು ಮೊದಲ ಸಲ ಫೋನಿನಲ್ಲಿ ಮಾತಾಡುತ್ತ ಒಲೆ ಮರೆತು, ಇಟ್ಟಿಗೆ ಪುಡಿಯ ಬಣ್ಣದ ಕರವಸ್ತ್ರ ಮಾಡಿಕೊಂಡಿದ್ದೇನೆ. ಬೆರಳು ಅದ್ದಿದರೆ ಚುರ್ ಎನ್ನುವಷ್ಟು ಬಿಸಿ ಸಾಕು, ಒಂದು ತಾಸು. ಕಬ್ಬಿಣದ ಬಾಣಲೆ ಬೇಡ, ಸ್ಟೀಲಿನದೇ ಇರಲಿ. ನಮ್ಮ ಬೇರಿನಲ್ಲಿ ಅಲಿಜರಿನ್ ಕಡಿಮೆ. ಪರ್ಪುರಿನ್ ಎಂಬ ಬಣ್ಣದ ಸಾರದ ಜೊತೆಗೆ ಮಂಜಿಷ್ಟಿನ್ ಎಂದು ಇದೇ ಗಿಡದ ಹೆಸರು ಹೊತ್ತ ಇನ್ನೊಂದು ಸಾರವಿದೆ. ಹಾಗಾಗಿ ಕೆಂಪು ಅವಿನ್ಯೋನ್‌ನದಕ್ಕಿಂತ ತುಸು ಹವಳದ ಕಡೆಗೆ ಬರುತ್ತದೆ. ಮಗು ಬಾಯಿಗೆ ಹಾಕಿಕೊಳ್ಳುತ್ತದೆ, ಆದ್ದರಿಂದ ನೀರು ತಿಳಿಯಾಗುವವರೆಗೆ ಜಾಲಿಸಿ, ನೆರಳಿನಲ್ಲಿ ಒಣಗಿಸಿ.